ಕೋರ್ಟಿನ ಅಪ್ಪಣೆಯೂ ಶಾಲೆಯ ಬಾಗಿಲೂ

ದೇವರು ವರ ಕೊಟ್ಟರೂ ಪೂಜಾರಿ ವರ ಕೊಡನೆಂಬ ಗಾದೆಯು ನಮ್ಮಲ್ಲಿ ಮನೆಮಾತಾಗಿದೆ. ನಾವು ಈ ತಿಂಗಳು ವಿಚಾರಿಸಹೊರಟ ವಿಷಯಕ್ಕೆ ಅದಕ್ಕಿಂತ ತಕ್ಕ ಮಾತು ಬೇರೊಂದಿಲ್ಲ. ಖಾಸಗಿ ಶಾಲೆಯ ಉಪಾಧ್ಯಾಯರೊಬ್ಬರನ್ನು ಆಡಳಿತ ಮಂಡಲಿಯವರು ಕೆಲಸದಿಂದ ತೆಗೆದುಹಾಕುತ್ತಾರೆ. ಉಪಾಧ್ಯಾಯರು ನ್ಯಾಯಸ್ಥಾನಕ್ಕೆ ಹೋಗುತ್ತಾರೆ. ವರುಷಗಳು ಕಳೆದ ಬಳಿಕ, ತೆಗೆದುಹಾಕಿದ್ದು ಕ್ರಮವಲ್ಲ, ಮರಳಿ ಸೇರಿಸಿಕೊಳ್ಳತಕ್ಕದ್ದು ಎಂಬ ಆಜ್ಞೆಯಾಗುತ್ತದೆ. ಆಜ್ಞೆಯ ನಕಲನ್ನು ಕೈಯಲ್ಲಿ ಹಿಡಿದು ಶಾಲೆಯ ಬಾಗಿಲಿಗೆ ಹೋದರೆ, ‘ಮಂಡಲಿಯ ಸಭೆ ಸೇರಲಿ, ನೋಡೋಣ’ ಎಂಬ ಉತ್ತರ ದೊರೆಯುತ್ತದೆ. ಸಭೆ ಸೇರುವುದೂ ಇಲ್ಲ, ನೋಡುವುದೂ ಇಲ್ಲ. ಹೀಗಿರುವಲ್ಲಿ ಆ ಆಜ್ಞೆಗೆ ಬೆಲೆಯೇನು? ಅದನ್ನು ನಡೆಯಿಸಿಕೊಡುವವರು ಯಾರು?

ಈ ಪ್ರಶ್ನೆಯು ವಕೀಲರಿಗೆ ಮಾತ್ರ ಸಂಬಂಧಿಸಿದುದಲ್ಲ. ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಈ ಮೂರು ಕಡೆಗಳಲ್ಲಿ ಖಾಸಗಿ ಶಾಲೆಗಳೊಡನೆ ಸಂಬಂಧವಿಲ್ಲದ ಗೃಹಸ್ಥರ ಮನೆ ಅಪರೂಪ. ದೇವಸ್ಥಾನ, ಬಸದಿ, ಇಗರ್ಜಿ, ಮಸೀದಿ ಇವುಗಳ ಆಶ್ರಯದಲ್ಲಿಯೂ, ಊರ ಮಹನೀಯರು ಕಟ್ಟಿದ ಧರ್ಮಸಂಸ್ಥೆಗಳ ಆಶ್ರಯದಲ್ಲಿಯೂ ಇಲ್ಲಿ ವಿದ್ಯೆಯು ಬೆಳೆದುಬಂದಿದೆ. ನಮ್ಮ ಮಕ್ಕಳು ಅಲ್ಲಿ ಓದುತ್ತಾರೆ. ನಮ್ಮ ಮನೆಯ ಹೆಣ್ಣುಮಕ್ಕಳೂ ಸೊಸೆಯಂದಿರೂ ಅಲ್ಲಿ ಪಾಠ ಹೇಳುತ್ತಾರೆ. ನಮ್ಮಲ್ಲಿಯೇ ಕೆಲವರು ಅವುಗಳ ಸಂಚಾಲಕರಾಗಿಯೋ ಮಂಡಲಿಯ ಸದಸ್ಯರಾಗಿಯೋ ಇದ್ದಾರೆ. ಪಂಜೆ ಮಂಗೇಶರಾಯರು 1874ರಲ್ಲಿ ಹುಟ್ಟಿದ್ದು ಬಂಟ್ವಾಳದಲ್ಲಿ. ಅವರು ಉಪಾಧ್ಯಾಯರಾಗಿಯೂ ಶಾಲೆಗಳ ತನಿಖಾಧಿಕಾರಿಯಾಗಿಯೂ ಸೇವೆಮಾಡಿ, 1934ರಲ್ಲಿ ರಾಯಚೂರಿನ ಸಾಹಿತ್ಯ ಸಮ್ಮೇಳನದ ಅಧ್ಯಕ್ಷತೆಯನ್ನು ವಹಿಸಿದರು. ಮಾಸ್ತರರನ್ನು ಅಷ್ಟು ಎತ್ತರದಲ್ಲಿ ಕಂಡ ಸೀಮೆಯಿದು. ಆದುದರಿಂದ ಮಾಸ್ತರರ ಮಾನದ ಪ್ರಶ್ನೆಯು ಇಲ್ಲಿ ಎಲ್ಲರ ಪ್ರಶ್ನೆಯೂ ಆಗಿರುತ್ತದೆ. ಯಾವುದೊಂದು ಶಾಲೆಯ ಕಡೆಗೂ ಬೆರಳು ತೋರಿಸುವುದು ನಮ್ಮ ಉದ್ದೇಶವಲ್ಲವೆಂದು ಮೊದಲೇ ತಿಳಿಸುವೆವು. ವಾಚಕರು ಕಾಯಿದೆಯ ದಾರಿಯನ್ನು ತಿಳಿದಿರಬೇಕೆಂಬುದಷ್ಟೇ ನಮ್ಮ ಆಶಯ.

ವಿಷಯವು ಸ್ಪಷ್ಟವಾಗುವಂತೆ ಒಂದು ಸಂಗತಿಯನ್ನು ಕಲ್ಪಿಸಿಕೊಳ್ಳೋಣ. ಬೆಳ್ತಂಗಡಿಯ ಮೇಲಣ ಒಂದು ಹಳ್ಳಿಯಲ್ಲಿ ಹದಿನಾಲ್ಕು ವರುಷ ಪಾಠ ಹೇಳಿದ ಉಪಾಧ್ಯಾಯಿನಿಯೊಬ್ಬರು ಇದ್ದಾರೆಂದಿಟ್ಟುಕೊಳ್ಳಿ. ಒಂದು ಬೇಸಗೆ ರಜೆಯ ಕೊನೆಯಲ್ಲಿ, ‘ಇನ್ನು ಮುಂದೆ ನಿಮ್ಮ ಸೇವೆಯ ಅಗತ್ಯವಿಲ್ಲ’ ಎಂಬ ಎರಡು ಸಾಲಿನ ಕಾಗದವು ಅವರಿಗೆ ಬರುತ್ತದೆ. ಆರೋಪಪತ್ರವಿಲ್ಲ, ವಿಚಾರಣೆಯಿಲ್ಲ. ಮಂಗಳೂರಿನ ನ್ಯಾಯಸ್ಥಾನಕ್ಕೆ ಸುಮಾರು 60 ಕಿಲೋಮೀಟರು ದಾರಿ. ಗಡುವಿನ ದಿನವೆಲ್ಲ ಬೆಳಗಿನ ಬಸ್ಸು ಹಿಡಿಯಬೇಕು. ಅಲ್ಲಿ ಗೆದ್ದರೆ ಎದುರು ಪಕ್ಷದವರು ಬೆಂಗಳೂರಿನ ಉಚ್ಚ ನ್ಯಾಯಾಲಯಕ್ಕೆ ಹೋಗುವರು. ಘಟ್ಟ ಹತ್ತಿ ಸುಮಾರು 350 ಕಿಲೋಮೀಟರು ಪ್ರಯಾಣ. ಹಿಂದೆ ಈ ಜಿಲ್ಲೆಯು ಮದರಾಸು ಪ್ರಾಂತಕ್ಕೆ ಸೇರಿದ್ದಾಗ ಮೇಲಣ ವ್ಯಾಜ್ಯಗಳು ಮದರಾಸಿಗೆ ಹೋಗುತ್ತಿದ್ದುವು. 1956ರ ನವಂಬರ ತಿಂಗಳಿಂದ ಬೆಂಗಳೂರಿಗೆ ಹೋಗುತ್ತವೆ. ಧಾರವಾಡ, ಕಲಬುರಗಿಗಳಲ್ಲಿ 2008ರಲ್ಲಿ ಉಚ್ಚ ನ್ಯಾಯಾಲಯದ ಸಂಚಾರಿ ಪೀಠಗಳು ಆರಂಭವಾಗಿ 2013ರಲ್ಲಿ ಖಾಯಂ ಆದುವು. ಕರಾವಳಿಗೆ ಅಂತಹ ಪೀಠವು ದೊರೆತಿಲ್ಲ. ಇಷ್ಟು ದೂರ ನಡೆದು ಗೆದ್ದು ಬಂದ ಆಜ್ಞೆಯನ್ನು ಊರಲ್ಲಿ ಯಾರೂ ಲೆಕ್ಕಿಸದಿದ್ದರೆ, ಆ ಮನೆಯ ಪರಿಸ್ಥಿತಿ ಹೇಗಿರಬಹುದೆಂದು ವಾಚಕರೇ ಊಹಿಸಬಹುದು.

ಮೊದಲು ಹಕ್ಕಿನ ಮೂಲವನ್ನು ನೋಡೋಣ. ಒಡೆಯನಿಗೂ ನೌಕರನಿಗೂ ನಡುವೆ ಬರಿಯ ಒಪ್ಪಂದವಿದ್ದಲ್ಲಿ, ಬೇಡವೆಂದವನ ಮೇಲೆ ನೌಕರನನ್ನು ಹೇರುವುದಕ್ಕೆ ಕೋರ್ಟುಗಳು ಸಾಮಾನ್ಯವಾಗಿ ಒಪ್ಪುವುದಿಲ್ಲ. ನಷ್ಟವನ್ನು ಕೊಡಿಸುವುದೇ ಪದ್ಧತಿ. ಕಾಯಿದೆಯೇ ನೌಕರನಿಗೆ ರಕ್ಷಣೆ ಕೊಟ್ಟಿದ್ದರೆ ಮಾತು ಬೇರೆ. ಖಾಸಗಿ ಶಾಲೆಯ ಉಪಾಧ್ಯಾಯರಿಗೆ ಅಂತಹ ರಕ್ಷಣೆಯುಂಟು. ನಮ್ಮ ರಾಜ್ಯದಲ್ಲಿ 1975ರ ಖಾಸಗಿ ಶಿಕ್ಷಣ ಸಂಸ್ಥೆಗಳ ಶಿಸ್ತು ಮತ್ತು ನಿಯಂತ್ರಣ ಕಾಯಿದೆಯು ಅದನ್ನು ಮೊದಲು ಒದಗಿಸಿತು. ಆ ಬಳಿಕ, 1983ರ ಕರ್ನಾಟಕ ಶಿಕ್ಷಣ ಕಾಯಿದೆಯು 1995ರಲ್ಲಿ ಜಾರಿಗೆ ಬಂದಾಗ ಅದೇ ತತ್ತ್ವವು ಅದರಲ್ಲಿ ಸೇರಿತು. ಅದರ 92ನೆಯ ಕಲಮಿನ ತಾತ್ಪರ್ಯವೇನೆಂದರೆ, ಆರೋಪವನ್ನು ತಿಳಿಸಿ, ಹೇಳಿಕೊಳ್ಳುವುದಕ್ಕೆ ಯುಕ್ತವಾದ ಅವಕಾಶವನ್ನು ಕೊಟ್ಟು, ವಿಚಾರಣೆ ನಡೆಯಿಸದೆ ಯಾವ ನೌಕರರನ್ನೂ ವಜಾ ಮಾಡಬಾರದು, ದರ್ಜೆಯಿಂದ ಇಳಿಸಬಾರದು. ಹಾಗೆ ಮಾಡಿದಲ್ಲಿ, ಆಜ್ಞೆಯು ಕೈಸೇರಿದ ಮೂರು ತಿಂಗಳೊಳಗೆ 94ನೆಯ ಕಲಮಿನಂತೆ ಶಿಕ್ಷಣ ಮೇಲ್ಮನವಿ ನ್ಯಾಯಾಧಿಕರಣಕ್ಕೆ ಅಪೀಲು ಮಾಡಬಹುದು. ಜಿಲ್ಲಾ ನ್ಯಾಯಾಧೀಶರೇ ಆ ಸ್ಥಾನದಲ್ಲಿ ಕುಳಿತು ವಿಚಾರಿಸುತ್ತಾರೆ. ಉಪಾಧ್ಯಾಯರು ಕಾರ್ಮಿಕ ನ್ಯಾಯಾಲಯಕ್ಕೆ ಏಕೆ ಹೋಗಬಾರದೆಂದು ಕೆಲವರು ಕೇಳುವುದುಂಟು. ಪಾಠ ಹೇಳುವವರು ಕೈಗಾರಿಕಾ ವಿವಾದಗಳ ಕಾಯಿದೆಯ ಅರ್ಥದಲ್ಲಿ ಕಾರ್ಮಿಕರಲ್ಲವೆಂದು, ಗೋವೆಯ ಅಧ್ಯಾಪಿಕೆಯೊಬ್ಬರ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು 1988ರಲ್ಲಿಯೇ ತೀರ್ಮಾನಿಸಿತು. ಆದುದರಿಂದ ನ್ಯಾಯಾಧಿಕರಣದ ದಾರಿಯೇ ಅವರಿಗೆ ಮುಖ್ಯವಾದುದು. ಕೇಂದ್ರ ಮಂಡಲಿಗಳಿಗೆ ಸೇರಿದ ಶಾಲೆಗಳ ವಿಷಯದಲ್ಲಿ ಈ ಕಾಯಿದೆಯು ಎಷ್ಟರಮಟ್ಟಿಗೆ ಅನ್ವಯಿಸುವುದೆಂಬುದನ್ನು ಮಾತ್ರ ಮೊದಲೇ ವಕೀಲರಲ್ಲಿ ಕೇಳಿಕೊಳ್ಳುವುದು ಲೇಸು.

ಈ ಅಪೀಲಿನ ಹಕ್ಕಿಗೆ ದೇಶದ ಅತ್ಯುಚ್ಚ ನ್ಯಾಯಸ್ಥಾನದ ಮುದ್ರೆ ಬಿದ್ದುದು ನಮ್ಮ ನೆರೆಯ ಮಣಿಪಾಲದ ಸಂಸ್ಥೆಯೊಂದರ ಹೆಸರಿನ ಮೊಕದ್ದಮೆಯಲ್ಲಿ ಎಂಬುದು ಗಮನಿಸತಕ್ಕ ಸಂಗತಿ. ಟಿ. ಎಂ. ಎ. ಪೈ ಪ್ರತಿಷ್ಠಾನ ಮತ್ತು ಕರ್ನಾಟಕ ಸರಕಾರ, ಇವರ ನಡುವಣ ಆ ವ್ಯಾಜ್ಯವನ್ನು 11 ಮಂದಿ ನ್ಯಾಯಾಧೀಶರ ಪೀಠವು 2002ನೆಯ ಅಕ್ಟೋಬರ 31ರಂದು ತೀರ್ಮಾನಿಸಿತು. ಖಾಸಗಿ ಸಂಸ್ಥೆಗಳಿಗೆ ತಮ್ಮ ಆಡಳಿತವನ್ನು ನಡೆಯಿಸಿಕೊಳ್ಳುವ ಸ್ವಾತಂತ್ರ್ಯವುಂಟೆಂದು ಎತ್ತಿಹಿಡಿದ ತೀರ್ಪು ಅದು. ಶಿಕ್ಷಕರ ಮೇಲೆ ಶಿಸ್ತಿನ ಕ್ರಮ ಕೈಕೊಳ್ಳುವುದಕ್ಕೆ ಸರಕಾರದ ಅನುಮತಿ ಬೇಕಾಗಿಲ್ಲವೆಂದೂ ಹೇಳಿತು. ಆದರೆ ಅದೇ ತೀರ್ಪು, ಬಾಧಿತನಾದ ಶಿಕ್ಷಕನಿಗೆ ಜಿಲ್ಲಾ ನ್ಯಾಯಾಧೀಶರ ದರ್ಜೆಯವರ ಮುಂದೆ ಅಪೀಲು ಮಾಡುವ ದಾರಿಯು ಇರಲೇಬೇಕೆಂದೂ ವಿಧಿಸಿತು. ಸ್ವಾತಂತ್ರ್ಯ ಮತ್ತು ಹೊಣೆ ಎರಡೂ ಒಂದೇ ಹಾಳೆಯಲ್ಲಿ ಬರೆಯಲ್ಪಟ್ಟಿವೆ. ಮೊದಲಿನ ಸಾಲನ್ನು ಓದಿ ಎರಡನೆಯದನ್ನು ಬಿಡುವುದು ನ್ಯಾಯವಲ್ಲ. ಅಲ್ಪಸಂಖ್ಯಾತರ ಸಂಸ್ಥೆಗಳಿಗೆ ಇದು ತಾಗದೆಂಬ ವಾದವೂ ನಿಲ್ಲತಕ್ಕದ್ದಲ್ಲ. ದಿಲ್ಲಿಯ ಫ್ರಾಂಕ್ ಆಂಟನಿ ಶಾಲೆಯ ನೌಕರರ ಸಂಘದ ಮೊಕದ್ದಮೆಯಲ್ಲಿ, ನ್ಯಾಯಾಧಿಕರಣಕ್ಕೆ ಅಪೀಲು ಮಾಡುವ ಹಕ್ಕು ಅಲ್ಪಸಂಖ್ಯಾತರ ಆಡಳಿತ ಸ್ವಾತಂತ್ರ್ಯಕ್ಕೆ ಬಾಧಕವಲ್ಲವೆಂದು 1986ರಲ್ಲಿಯೇ ನಿರ್ಣಯವಾಗಿದೆ.

ಇನ್ನು ಗೆದ್ದ ಬಳಿಕದ ಮಾತು. ಇದಕ್ಕೆ ನಾವು ತಿಳಿದ ಉದಾಹರಣೆಗಳಲ್ಲಿ ಅತ್ಯಂತ ಬೋಧಪ್ರದವಾದುದು ಮಹಾರಾಷ್ಟ್ರದ ಔರಂಗಾಬಾದಿನ, ಎಂದರೆ ಈಗಿನ ಛತ್ರಪತಿ ಸಂಭಾಜಿನಗರದ, ಪ್ರಾಥಮಿಕ ಶಾಲೆಯ ಅಧ್ಯಾಪಿಕೆಯೊಬ್ಬರದು. ಕ್ರಾಂತಿ ಜೂನಿಯರ್ ಅಧ್ಯಾಪಕ ಮಹಾವಿದ್ಯಾಲಯದ ಮೊಕದ್ದಮೆಯೆಂದು ಅದು ಪ್ರಸಿದ್ಧವಾಗಿದೆ. ಆಡಳಿತದವರು ಆಕೆಯನ್ನು ಮೊದಲು ಅಮಾನತಿನಲ್ಲಿಟ್ಟು ಬಳಿಕ ವಜಾ ಮಾಡಿದರು. ಶಾಲಾ ನ್ಯಾಯಾಧಿಕರಣವು 2009ರಲ್ಲಿ ವಜಾ ಆಜ್ಞೆಯನ್ನು ರದ್ದುಮಾಡಿ, ಕೆಲಸಕ್ಕೆ ಸೇರಿಸಿಕೊಂಡು ಹಿಂದಿನ ಸಂಬಳವನ್ನೆಲ್ಲ ಕೊಡತಕ್ಕದ್ದೆಂದಿತು. ಮುಂಬಯಿ ಉಚ್ಚ ನ್ಯಾಯಾಲಯವು ಸಂಬಳದ ಬಾಕಿಯ ಭಾಗವನ್ನು ತೆಗೆದುಹಾಕಿತು. ಆಕೆ ಸರ್ವೋಚ್ಚ ನ್ಯಾಯಾಲಯಕ್ಕೆ ಹೋದರು. ನ್ಯಾಯಮೂರ್ತಿ ಜಿ. ಎಸ್. ಸಿಂಘ್ವಿ ಮತ್ತು ನಮ್ಮ ನಾಡಿನವರೇ ಆದ ನ್ಯಾಯಮೂರ್ತಿ ವಿ. ಗೋಪಾಲಗೌಡ ಇವರ ಪೀಠವು 2013ನೆಯ ಆಗಸ್ಟ 12ರಂದು ಪೂರ್ಣ ಬಾಕಿಯನ್ನು ಮರಳಿ ಕೊಡಿಸಿತು. ಅಕ್ರಮವಾಗಿ ಕೆಲಸ ಕಳೆದುಕೊಂಡವರಿಗೆ ಹಿಂದಿನ ಸಂಬಳದೊಡನೆ ಕೆಲಸ ಮರಳುವುದೇ ಸಾಮಾನ್ಯ ನಿಯಮವೆಂದು ಆ ತೀರ್ಪು ಹೇಳುತ್ತದೆ. ಒಡೆಯನಿಗೆ ಒಳ್ಳೆಯ ವಕೀಲರನ್ನು ಹಿಡಿಯುವ ಅನುಕೂಲವುಂಟು. ಕೆಲಸವನ್ನೇ ಕಳೆದುಕೊಂಡವನಿಗೆ ಅದಿಲ್ಲ. ವ್ಯಾಜ್ಯವು ತಡವಾದುದಕ್ಕಾಗಿ ದುರ್ಬಲನನ್ನು ದಂಡಿಸಬಾರದು ಎಂಬುದೂ ಅದರ ಅಭಿಪ್ರಾಯ. ಬಾಕಿಯನ್ನು ನಾಲ್ಕು ತಿಂಗಳೊಳಗೆ ಕೊಡತಕ್ಕದ್ದು, ತಪ್ಪಿದರೆ ನೂರಕ್ಕೆ ವರುಷಕ್ಕೆ 9ರಂತೆ ಬಡ್ಡಿ ತೆರತಕ್ಕದ್ದು ಎಂದು ವಿಧಿಸಿತು. ಕಡೆಯಲ್ಲಿ ಇನ್ನೊಂದು ಮಾತನ್ನೂ ಸೇರಿಸಿತು: ಈ ಆಜ್ಞೆಯಂತೆ ನಡೆಯದಿದ್ದಲ್ಲಿ ಆಡಳಿತದವರು ನ್ಯಾಯಾಲಯ ನಿಂದನೆಯ ಕಾಯಿದೆಯಂತೆ ದಂಡನೆಗೆ ಗುರಿಯಾಗುವರು. ನ್ಯಾಯಾಧೀಶರು ಆಜ್ಞೆಯನ್ನು ಕೊಡುವಾಗಲೇ ಆ ಎಚ್ಚರಿಕೆಯನ್ನು ಬರೆಯಬೇಕಾಯಿತೆಂದರೆ, ಗೆಲುವಿನ ಕಾಗದವು ಪೆಟ್ಟಿಗೆಯಲ್ಲಿಯೇ ಉಳಿಯುವ ಭಯವು ಎಷ್ಟು ನಿಜವಾದುದೆಂದು ತಿಳಿಯುತ್ತದೆ.

ನ್ಯಾಯಾಲಯ ನಿಂದನೆಯೆಂದೊಡನೆ, ನ್ಯಾಯಾಧೀಶರನ್ನು ಬೈಯುವುದೆಂದು ಅನೇಕರು ತಿಳಿಯುತ್ತಾರೆ. ಅದೊಂದು ಬಗೆ. 1971ರ ಕಾಯಿದೆಯು ಸಿವಿಲ್ ನಿಂದನೆಯೆಂಬ ಇನ್ನೊಂದು ಬಗೆಯನ್ನು ಹೇಳುತ್ತದೆ. ನ್ಯಾಯಾಲಯದ ತೀರ್ಪನ್ನಾಗಲಿ ಆಜ್ಞೆಯನ್ನಾಗಲಿ ಬೇಕೆಂದೇ ಉಲ್ಲಂಘಿಸುವುದು, ಅಥವಾ ನ್ಯಾಯಾಲಯಕ್ಕೆ ಕೊಟ್ಟ ಮಾತನ್ನು ಬೇಕೆಂದೇ ಮುರಿಯುವುದು ಸಿವಿಲ್ ನಿಂದನೆ. ಒಂದು ಕೆಟ್ಟ ಶಬ್ದವನ್ನೂ ಆಡದೆ, ನಗುಮೊಗದಿಂದಲೇ ಬಾಗಿಲು ಮುಚ್ಚಿದವನೂ ಈ ದೋಷಕ್ಕೆ ಗುರಿಯಾಗಬಹುದು. ಇದಕ್ಕೆ ಆರು ತಿಂಗಳವರೆಗೆ ಸೆರೆ, ಅಥವಾ 2000 ರೂಪಾಯಿವರೆಗೆ ದಂಡ, ಅಥವಾ ಎರಡೂ ಉಂಟು. ದಂಡದ ಮೊತ್ತವು ಈಗಿನ ಕಾಲಕ್ಕೆ ಅತ್ಯಲ್ಪವೆಂಬುದು ನಿಜ. ಆದರೆ ಸಂಸ್ಥೆಯ ಹೆಸರಿನ ಹಿಂದೆ ಅಡಗಿಕೊಳ್ಳುವುದಕ್ಕೆ ಇಲ್ಲಿ ಎಡೆಯಿಲ್ಲ. ತಪ್ಪು ನಡೆದಾಗ ಸಂಸ್ಥೆಯ ಕಾರ್ಯಭಾರವನ್ನು ಹೊತ್ತವರೇ ಉತ್ತರ ಹೇಳಬೇಕಾಗುತ್ತದೆ. ಊರಲ್ಲಿ ಗಣ್ಯರೆನಿಸಿಕೊಂಡವರು ನ್ಯಾಯಾಲಯದ ಮುಂದೆ ತಾವಾಗಿ ನಿಂತು ಕಾರಣ ಹೇಳಬೇಕಾಗಿ ಬಂದಾಗ, ದಂಡದ ಹಣಕ್ಕಿಂತ ಆ ನಿಲುವೇ ಭಾರವಾದುದು. ಮನಃಪೂರ್ವಕವಾದ ಕ್ಷಮಾಯಾಚನೆಯಿಂದ ನ್ಯಾಯಾಲಯವು ತೃಪ್ತಿಪಟ್ಟರೆ ಬಿಡುಗಡೆಯೂ ಉಂಟು. ಆಜ್ಞೆಯಂತೆ ನಡೆಯದೆ ಬರಿಯ ಬಾಯಿಮಾತಿನಿಂದ ಕ್ಷಮೆ ಕೇಳಿದರೆ ಅದು ಕ್ಷಮಾಯಾಚನೆಯೆನಿಸದೆಂಬುದನ್ನು ಬೇರೆ ಹೇಳಬೇಕಾಗಿಲ್ಲ.

ಆದರೆ ಈ ಆಯುಧಕ್ಕೆ ಮಿತಿಗಳುಂಟು. ಅವನ್ನು ತಿಳಿಯದೆ ಹೊರಟು ಹಣವನ್ನೂ ಕಾಲವನ್ನೂ ಕಳೆದುಕೊಂಡವರು ಇಲ್ಲದಿಲ್ಲ. ಮೊದಲನೆಯದಾಗಿ, ಉಲ್ಲಂಘನೆಯು ಬೇಕೆಂದೇ ಮಾಡಿದುದಾಗಿರಬೇಕು. ಆಜ್ಞೆಯು ಎದುರು ಪಕ್ಷಕ್ಕೆ ತಿಳಿದಿತ್ತೆಂಬುದಕ್ಕೆ ಆಧಾರವಿರಬೇಕು. ಆದುದರಿಂದ ದೃಢೀಕೃತ ನಕಲನ್ನು ಒಂದು ಕಾಗದದೊಡನೆ ಸ್ಪೀಡ್ ಪೋಸ್ಟ್ ಅಂಚೆಯಲ್ಲಿ ಕಳುಹಿಸಿ, ಕೆಲಸಕ್ಕೆ ಹಾಜರಾಗಲು ಸಿದ್ಧರೆಂದು ದಿನಾಂಕ ಸಹಿತ ತಿಳಿಸತಕ್ಕದ್ದು. ಹಾಜರಾಗಲು ಹೋದ ದಿನ, ದೊರೆತ ಉತ್ತರ ಇವನ್ನು ಅಂದೇ ಬರೆದಿಡತಕ್ಕದ್ದು. ಎರಡನೆಯದಾಗಿ, ಕಾಲದ ಮಿತಿ. ಉಲ್ಲಂಘನೆಯಾಯಿತೆಂಬ ದಿನದಿಂದ ಒಂದು ವರುಷ ಕಳೆದರೆ ನಿಂದನೆಯ ಕ್ರಮವನ್ನು ಆರಂಭಿಸಲಾಗದೆಂದು ಆ ಕಾಯಿದೆಯ 20ನೆಯ ಕಲಂ ಹೇಳುತ್ತದೆ. ‘ಬರುವ ತಿಂಗಳು ಸೇರಿಸಿಕೊಳ್ಳುತ್ತೇವೆ’ ಎಂಬ ಸಿಹಿಮಾತನ್ನು ನಂಬಿ ಹನ್ನೆರಡು ತಿಂಗಳು ಕಾಯುವುದು ಅಪಾಯಕರ. ಮೂರನೆಯದಾಗಿ, ನಿಂದನೆಯ ಅರ್ಜಿಯನ್ನು ಕೇಳುವ ನ್ಯಾಯಾಲಯವು ಮೂಲ ಆಜ್ಞೆಯಲ್ಲಿಲ್ಲದ ಹೊಸ ಮಾತನ್ನು ಸೇರಿಸಲಾರದು. ಕೆಲಸಕ್ಕೆ ಸೇರಿಸಿಕೊಳ್ಳತಕ್ಕದ್ದೆಂದಷ್ಟೇ ಆಜ್ಞೆಯಿದ್ದು, ಬಾಕಿ ಸಂಬಳದ ಮಾತಿಲ್ಲದಿದ್ದರೆ ಅದನ್ನು ಈ ದಾರಿಯಲ್ಲಿ ಪಡೆಯುವುದು ಸಾಧ್ಯವಲ್ಲ. ಆದುದರಿಂದ ಯಾವ ಹುದ್ದೆ, ಎಂದಿನಿಂದ, ಎಷ್ಟು ಬಾಕಿ, ಎಷ್ಟು ವಾರಗಳೊಳಗೆ ಎಂಬ ನಾಲ್ಕು ಸಂಗತಿಗಳೂ ಆಜ್ಞೆಯಲ್ಲಿಯೇ ಬರುವಂತೆ ವಕೀಲರ ಮೂಲಕ ಆರಂಭದಲ್ಲಿಯೇ ಪ್ರಾರ್ಥಿಸಿಕೊಳ್ಳುವುದು ಜಾಣತನ. ನಾಲ್ಕನೆಯದಾಗಿ, ನಿಂದನೆಯ ಅರ್ಜಿಯು ಜಾರಿಯ ಅರ್ಜಿಗೆ ಬದಲಲ್ಲವೆಂದು ನ್ಯಾಯಾಲಯಗಳು ಅನೇಕ ಬಾರಿ ಹೇಳಿವೆ. ಜಿಲ್ಲೆಯ ನ್ಯಾಯಾಧಿಕರಣದ ಆಜ್ಞೆ ಮಾತ್ರ ಕೈಯಲ್ಲಿದ್ದರೆ ಮೊದಲು ಅದನ್ನು ಜಾರಿಮಾಡಿಸುವ ದಾರಿಯನ್ನು ವಿಚಾರಿಸತಕ್ಕದ್ದು. ಉಚ್ಚ ನ್ಯಾಯಾಲಯವೇ ಕೊಟ್ಟ ಆಜ್ಞೆಯು ಉಲ್ಲಂಘಿತವಾದಾಗ ನಿಂದನೆಯ ದಾರಿಯು ನೇರವಾಗಿರುತ್ತದೆ.

ಆಡಳಿತದವರ ಕಡೆಯಿಂದ ಕೇಳಿಬರುವ ಸಮಾಧಾನಗಳನ್ನೂ ಒಮ್ಮೆ ತೂಗಿನೋಡೋಣ. ‘ನಾವು ಅಪೀಲು ಮಾಡಿದ್ದೇವೆ’ ಎಂಬುದು ಮೊದಲನೆಯದು. ಅಪೀಲು ಮಾಡಿದ ಮಾತ್ರಕ್ಕೆ ಕೆಳಗಿನ ಆಜ್ಞೆಯು ನಿಲ್ಲುವುದಿಲ್ಲ. ತಡೆಯಾಜ್ಞೆಯನ್ನು ಪಡೆದರೆ ಮಾತ್ರ ನಿಲ್ಲುತ್ತದೆ. ಆದರೆ ತಡೆಯಾಜ್ಞೆಯ ಅರ್ಜಿಯು ವಿಚಾರಣೆಯಲ್ಲಿರುವಾಗ ಮೊದಲು ಅದನ್ನು ತೀರ್ಮಾನಿಸಿ ಬಳಿಕ ನಿಂದನೆಯ ಮಾತನ್ನು ಎತ್ತಿಕೊಳ್ಳುವುದು ಲೇಸೆಂದು ಸರ್ವೋಚ್ಚ ನ್ಯಾಯಾಲಯವು 1995ರಲ್ಲಿ ಮಾಡರ್ನ್ ಫುಡ್ ಇಂಡಸ್ಟ್ರೀಸಿನ ಮೊಕದ್ದಮೆಯಲ್ಲಿ ಹೇಳಿದುದನ್ನೂ ವಾಚಕರು ತಿಳಿದಿರಬೇಕು. ‘ಆ ಜಾಗಕ್ಕೆ ಬೇರೊಬ್ಬರನ್ನು ನೇಮಿಸಿದ್ದೇವೆ’ ಎಂಬುದು ಎರಡನೆಯದು. ವ್ಯಾಜ್ಯವು ನಡೆಯುತ್ತಿರುವಾಗ ಆ ನೇಮಕವನ್ನು ಮಾಡಿದವರು ಅವರೇ ಅಲ್ಲವೆ? ಹೊಸಬರಿಗೆ ಬಂದ ತೊಂದರೆಗೆ ಹಳಬರು ಹೊಣೆಗಾರರಲ್ಲ. ‘ಹಣವಿಲ್ಲ’ ಎಂಬುದು ಮೂರನೆಯದು. ಹಳ್ಳಿಯ ಸಣ್ಣ ಶಾಲೆಗೆ ಹಲವು ವರುಷಗಳ ಬಾಕಿಯು ನಿಜವಾಗಿಯೂ ಭಾರವೇ ಸರಿ. ಹಾಗಾದರೆ ಅದನ್ನು ನ್ಯಾಯಾಲಯದ ಮುಂದೆ ಲೆಕ್ಕ ಸಹಿತ ಅರಿಕೆಮಾಡಿ ಕಂತುಗಳನ್ನಾಗಲಿ ಕಾಲಾವಕಾಶವನ್ನಾಗಲಿ ಬೇಡಬಹುದು. ಬೇಡುವುದು ವಿನಯ, ಮೌನವಾಗಿ ಕುಳಿತಿರುವುದು ಉದ್ಧಟತನ.

ಇವೆಲ್ಲಕ್ಕಿಂತಲೂ ಸೂಕ್ಷ್ಮವಾದುದೊಂದುಂಟು. ಆಜ್ಞೆಯ ಅಕ್ಷರವನ್ನು ಪಾಲಿಸಿ ಅದರ ಪ್ರಾಣವನ್ನು ತೆಗೆಯುವುದು. ಉಪಾಧ್ಯಾಯರನ್ನು ಹಾಜರಿ ಪುಸ್ತಕದಲ್ಲಿ ಸಹಿಮಾಡಿಸುತ್ತಾರೆ, ತರಗತಿಯನ್ನು ಕೊಡುವುದಿಲ್ಲ. ದಿನವೆಲ್ಲ ಜಗಲಿಯ ಮೂಲೆಯ ಕುರ್ಚಿಯಲ್ಲಿ ಕುಳ್ಳಿರಿಸುತ್ತಾರೆ. ಇಲ್ಲವೆ ಇಂದು ಸೇರಿಸಿಕೊಂಡು ವಾರದೊಳಗೆ ಹೊಸ ಆರೋಪವೊಂದನ್ನು ಹುಡುಕಿ ಅಮಾನತಿನಲ್ಲಿಡುತ್ತಾರೆ. ನಿಜವಾದ ಹೊಸ ತಪ್ಪಿಗೆ ಹೊಸ ವಿಚಾರಣೆ ನಡೆಯಬಾರದೆಂದು ನಾವು ಹೇಳುವುದಿಲ್ಲ. ಆದರೆ ಹಳೆಯ ಹಗೆಗೆ ಹೊಸ ಅಂಗಿ ತೊಡಿಸಿದುದೋ ಎಂಬುದನ್ನು ಸುತ್ತಲಿನ ಸಂದರ್ಭದಿಂದ ತಿಳಿಯುವ ಅನುಭವವು ನ್ಯಾಯಾಧೀಶರಿಗುಂಟು. ಅದನ್ನು ತೋರಿಸಿಕೊಡುವುದಕ್ಕೆ ಉಪಾಧ್ಯಾಯರ ಬಳಿ ದಿನದಿನದ ಬರವಣಿಗೆ ಇರಬೇಕು.

ಅಯೋಗ್ಯರಾದ ಉಪಾಧ್ಯಾಯರನ್ನು ಹೊತ್ತುಕೊಂಡಿರಬೇಕೆಂಬುದು ನಮ್ಮ ವಾದವಲ್ಲವೆಂಬುದನ್ನೂ ಸ್ಪಷ್ಟಪಡಿಸುವೆವು. ಮಕ್ಕಳನ್ನು ಹಿಂಸಿಸುವವರನ್ನೂ, ಪಾಠವನ್ನೇ ಹೇಳದವರನ್ನೂ, ನಡತೆಗೆಟ್ಟವರನ್ನೂ ಶಾಲೆಯಲ್ಲಿಟ್ಟುಕೊಳ್ಳಬಾರದು. ಅದಕ್ಕಾಗಿಯೇ ವಿಚಾರಣೆಯ ಕ್ರಮವಿರುವುದು. ಆರೋಪವನ್ನು ಬರೆದುಕೊಟ್ಟು, ಸಾಕ್ಷ್ಯವನ್ನು ಕೇಳಿ, ಉತ್ತರವನ್ನು ತೂಗಿ, ಕಾರಣ ಸಹಿತ ಆಜ್ಞೆ ಮಾಡಿದ ಮಂಡಲಿಗೆ ನ್ಯಾಯಸ್ಥಾನದಲ್ಲಿ ಭಯವಿಲ್ಲ. ವಿಚಾರಣೆಗೆ ಕೆಲವು ವಾರಗಳ ಶ್ರಮವನ್ನು ಉಳಿಸಹೋಗಿ, ಹಲವು ವರುಷಗಳ ವ್ಯಾಜ್ಯವನ್ನೂ ಪಾಠ ಹೇಳಿಸಿಕೊಳ್ಳದೆಯೇ ತೆರಬೇಕಾದ ಸಂಬಳವನ್ನೂ ತಲೆಯ ಮೇಲೆ ಎಳೆದುಕೊಳ್ಳುವುದು ಆಡಳಿತದ ಜಾಣತನವಲ್ಲ. ಆ ಹಣವಾದರೂ ಎಲ್ಲಿಂದ ಬರಬೇಕು? ತಾಯಿತಂದೆಗಳು ಕಟ್ಟುವ ಶುಲ್ಕದಿಂದಲೂ ಧರ್ಮಿಷ್ಠರು ಕೊಟ್ಟ ದಾನದಿಂದಲೂ ಅಲ್ಲವೆ?

ಆದುದರಿಂದ ಗೃಹಸ್ಥರಲ್ಲಿ ನಮ್ಮ ವಿಜ್ಞಾಪನೆಯಿಷ್ಟು. ಮನೆಯಲ್ಲಿ ಉಪಾಧ್ಯಾಯಿನಿಯರಿದ್ದರೆ, ನೇಮಕದ ಆಜ್ಞೆ, ಸಂಬಳದ ಚೀಟಿ, ಶಾಲೆಯೊಡನೆ ನಡೆದ ಪತ್ರವ್ಯವಹಾರ ಇವೆಲ್ಲವನ್ನು ಒಂದು ಕಟ್ಟಿನಲ್ಲಿ ಇಡಿಸಿರಿ. ಬರಿಯ ಹಾಳೆಗೆ ಯಾವ ಕಾರಣಕ್ಕೂ ಸಹಿ ಹಾಕಬಾರದೆಂದು ಹೇಳಿರಿ. ವಜಾ ಕಾಗದ ಬಂದರೆ ಮೂರು ತಿಂಗಳ ಮಿತಿಯನ್ನು ಮರೆಯಬೇಡಿರಿ. ವಕೀಲರನ್ನಿಡುವ ಶಕ್ತಿಯಿಲ್ಲವೆಂದು ಹಿಂಜರಿಯಬೇಕಾಗಿಲ್ಲ. ಕಾನೂನು ಸೇವೆಗಳ ಪ್ರಾಧಿಕಾರಗಳ 1987ರ ಕಾಯಿದೆಯಂತೆ ಸ್ತ್ರೀಯರಿಗೆ ಆದಾಯದ ಮಿತಿಯಿಲ್ಲದೆ ಉಚಿತ ಕಾನೂನು ನೆರವು ದೊರೆಯುತ್ತದೆ. ಮಂಡಲಿಯಲ್ಲಿ ನೀವಿದ್ದರೆ, ನ್ಯಾಯಸ್ಥಾನದ ಆಜ್ಞೆ ಬಂದೊಡನೆ ಅದನ್ನು ಸಭೆಯಲ್ಲಿ ಓದಿಸಿರಿ. ಪಾಲಿಸುವುದೋ ತಡೆಯಾಜ್ಞೆ ಬೇಡುವುದೋ ಎಂಬುದನ್ನು ಅಲ್ಲಿಯೇ ನಿರ್ಣಯಿಸಿ ನಡವಳಿಯಲ್ಲಿ ಬರೆಯಿಸಿರಿ. ಮೂರನೆಯ ದಾರಿಯೆಂದು ಸುಮ್ಮನೆ ಕುಳಿತುಕೊಳ್ಳುವುದಕ್ಕೆ ಒಪ್ಪದಿರಿ. ಹೊಣೆಯು ನಿಮ್ಮ ಹೆಗಲಿಗೂ ಬರಬಹುದು. ಮಕ್ಕಳ ತಾಯಿತಂದೆಗಳಾಗಿದ್ದರೆ, ಚೆನ್ನಾಗಿ ಪಾಠ ಹೇಳುತ್ತಿದ್ದ ಮಾಸ್ತರರು ಏಕೆ ಕಾಣಿಸುತ್ತಿಲ್ಲವೆಂದು ರಕ್ಷಕರ ಸಭೆಯಲ್ಲಿ ವಿನಯದಿಂದ ಕೇಳಿರಿ. ಆ ಒಂದು ಪ್ರಶ್ನೆಗೆ ಕೆಲವೊಮ್ಮೆ ನೋಟೀಸಿಗಿಂತಲೂ ಹೆಚ್ಚಿನ ಶಕ್ತಿಯುಂಟು.

ಶಾಲೆಯೆಂಬುದು ಅಂಗಡಿಯಂತಲ್ಲ. ಘಂಟೆ ಬಾರಿಸಿದರೆ ಏಳಬೇಕು, ಸಾಲಿನಲ್ಲಿ ನಿಲ್ಲಬೇಕು, ಹಿರಿಯರ ಮಾತನ್ನು ಕೇಳಬೇಕು ಎಂದು ನಾವು ಮಕ್ಕಳಿಗೆ ಅಲ್ಲಿ ಕಲಿಸುತ್ತೇವೆ. ಪೌರನೀತಿಯ ಪಾಠದಲ್ಲಿ, ಕಾಯಿದೆಗಿಂತ ದೊಡ್ಡವರು ಯಾರೂ ಇಲ್ಲವೆಂದು ಬಾಯಿಪಾಠ ಮಾಡಿಸುತ್ತೇವೆ. ಅದೇ ಗೋಡೆಯ ಆಚೆಗೆ, ಕಚೇರಿಯ ಮೇಜಿನ ಒಳಗೆ, ನ್ಯಾಯಸ್ಥಾನದ ಆಜ್ಞೆಯೊಂದು ಧೂಳು ಹಿಡಿದು ಬಿದ್ದಿದ್ದರೆ ಮಕ್ಕಳಿಗೆ ತಿಳಿಯದೆಂದು ಹಿರಿಯರು ನಂಬಿರಬಹುದು. ಮಕ್ಕಳಿಗೆ ಎಲ್ಲವೂ ತಿಳಿಯುತ್ತದೆ. ತಮಗೆ ಅಕ್ಷರ ತಿದ್ದಿಸಿದ ಉಪಾಧ್ಯಾಯಿನಿಯನ್ನು ಅವರು ಬಸ್ಸಿನ ನಿಲ್ದಾಣದಲ್ಲಿ ಕಾಣುತ್ತಾರೆ. ‘ಟೀಚರ್, ನೀವು ಯಾವಾಗ ಬರುತ್ತೀರಿ?’ ಎಂದು ಕೇಳುತ್ತಾರೆ. ಆ ಪ್ರಶ್ನೆಗೆ ಉತ್ತರ ಕೊಡಬೇಕಾದವರು ಆಕೆಯಲ್ಲ, ಶಾಲೆಯ ಬಾಗಿಲಿನ ಬೀಗದ ಕೈಯನ್ನು ಹಿಡಿದುಕೊಂಡಿರುವವರು.